ಅಲುಗಿದವರ ಪೆಟ್ಟಿಗೆ

೯ ನವೆಂಬರ್ ೧೯೭೫, ರವಿವಾರ

ಇವತ್ತು ಬೆಳಿಗ್ಗೆ ಗಾಜು ತೊಳೆದ ನೀರು ಎಂದಿನಂತೆ ಕರ್ರಗಾಗಲಿಲ್ಲ. ನೇರಳೆಗೆ ತಿರುಗಿತು. ಬೋಗುಣಿಯ ಅಂಚಿನಲ್ಲಿ ಸ್ವಲ್ಪ ಇಟ್ಟಂಗಿ ಬಣ್ಣವೂ ಇತ್ತು. ಮೋರಿಗೆ ಚೆಲ್ಲಿದಾಗ ಕಲ್ಲಿನ ಮೇಲೆ ಯಾರೋ ಬಣ್ಣ ಆಡಿದ ಹಾಗೆ ಒಂದು ಗಳಿಗೆ ನಿಂತು ಹರಿದುಹೋಯಿತು.

ಈ ಕೆಲಸ ನಮ್ಮ ಮನೆಯಲ್ಲಿ ಹೆಂಗಸರದು. ಅಂಗಡಿಯಲ್ಲಿ ಅಣ್ಣ ಬಸಣ್ಣ ದೇವರ ಫೋಟೋಗಳಿಗೆ ಕಟ್ಟು ಹಾಕುತ್ತಾನೆ. ಹೆಚ್ಚಿನವು ಅಕ್ಕಲಕೋಟದ ಸ್ವಾಮಿಗಳವು, ಗುಡಿಯ ಮುಂದಿನ ಅಂಗಡಿಗಳಿಗೆ ಹೋಗುತ್ತವೆ. ದೊಡ್ಡ ಕಟ್ಟಿಗೆ ಹೊಸ ಗಾಜು, ಅಣ್ಣನ ಮಾತಿನಲ್ಲಿ ಕಾಚು. ಅಂಗೈಯಗಲದ ಸಣ್ಣವಕ್ಕೆ ಹಳೆಯ ಸ್ಟುಡಿಯೋಗಳು ಮಾರಿಬಿಡುವ ಗಾಜಿನ ನೆಗೆಟಿವ್‌ಗಳು. ಸೋಡಾ ಹಾಕಿದ ಕುದಿನೀರಿನಲ್ಲಿ ನೆನೆಯಿಟ್ಟರೆ ಚಿತ್ರದ ಪೊರೆ ಹಾಲಿನ ಕೆನೆಯಂತೆ ಉಬ್ಬುತ್ತದೆ. ಬ್ಲೇಡಿನಿಂದ ಎಳೆದರೆ ಸುರುಳಿಯಾಗಿ ಬಂದುಬಿಡುತ್ತದೆ. ಸಾಲೆಗೆ ಹೋಗುವಾಗಿನಿಂದ ನಾನು ಇದನ್ನು ಮಾಡುತ್ತ ಬಂದಿದ್ದೇನೆ. ಯಾರ ಯಾರದೋ ಲಗ್ನ, ಯಾರದೋ ತೊಟ್ಟಿಲು. ಕನ್ನಡ ಸಾಹಿತ್ಯದಲ್ಲಿ ಬಿ.ಎ. ಮಾಡಿದ ಮೇಲೂ ಕೈಗೆ ಬಂದದ್ದು ಇದೇ ಬ್ಲೇಡು.

“ನೇರಳಿ ಯಾಕ ಆತು?” ಅಂತ ಅಣ್ಣನ ಹೆಂಡತಿ ಸಾವಿತ್ರಿವೈನಿ ಕೇಳಿದಳು. ಅವ್ವ, “ಯಾವುದರೆ ಔಷಧ ಇರಬೇಕು, ಬಾಯಿಗೆ ಕೈ ಹಚ್ಚಬ್ಯಾಡ್ರಿ” ಅಂದಳು. ಅಣ್ಣ ಹೇಳಿದ್ದು: ಅಕ್ಕಲಕೋಟದ ವಿಶ್ವನಾಥರಾಯರು ತಮ್ಮ ವಾಡೆಯ ಅಟ್ಟ ಖಾಲಿ ಮಾಡಿಸುವಾಗ ಸಿಕ್ಕ ಪೆಟ್ಟಿಗೆಯಂತೆ. “ಎಲ್ಲಾ ಸುಟ್ಟು ಕರ್ರಗಾಗ್ಯಾವ. ಕಾಚು ಮಾತ್ರ ಪರದೇಶದ್ದು, ಒಂದ ನಂಬರ್.”

ಅರ್ಧ ಪೆಟ್ಟಿಗೆ ಮುಗಿಯಿತು. ಒಂದೊಂದಕ್ಕೂ ಕಾಗದದ ಚೀಲ ಇತ್ತು. ಅವನ್ನು ಒಲೆಗೆ ಹಾಕಿ ನೀರು ಕಾಸಿದೆವು.

೧೦ ನವೆಂಬರ್, ಸೋಮವಾರ

ಅಂಚು ಒಡೆದಿದೆಯೇ ಅಂತ ನೋಡಲು ಒಂದು ಗಾಜನ್ನು ಹಿತ್ತಲ ಬಾಗಿಲಿಗೆ ಎತ್ತಿ ಹಿಡಿದೆ. ಇನ್ನೇನು ಬೀಳಿಸುವವಳಿದ್ದೆ.

ಮಡಿಲಲ್ಲಿಟ್ಟರೆ ಕಾಡಿಗೆ ಹಚ್ಚಿದಂತಿದ್ದ ಗಾಜು ಬಿಸಿಲಿಗೆ ಹಿಡಿದ ಕೂಡಲೆ ಬಣ್ಣಬಣ್ಣವಾಯಿತು. ಒಂದು ದೊಡ್ಡ ನದಿ, ದೋಣಿ, ಚೂಪಾದ ಬಿದಿರಿನ ಟೋಪಿ ಹಾಕಿಕೊಂಡ ಹೆಂಗಸು. ಅವಳ ಬುಟ್ಟಿಯಲ್ಲಿ ಕಿತ್ತಳೆಯಂಥ ಹಣ್ಣು. ನಾವು ಅಂಗಡಿಯಲ್ಲಿ ಬ್ರಶ್ಶಿನಿಂದ ಹಚ್ಚುವ ಬಣ್ಣ ಅಲ್ಲ ಅದು. ಬೆಳಕೇ ಬಣ್ಣ ಹೊತ್ತುಕೊಂಡು ಬಂದಿತ್ತು. ಅಣ್ಣನ ಭೂತಗಾಜು ಹಿಡಿದು ನೋಡಿದರೆ ಎಲ್ಲ ಸಣ್ಣ ಸಣ್ಣ ಚುಕ್ಕೆ: ಕೆಂಪು, ಹಸಿರು, ನೇರಳೆ. ರಂಗೋಲಿ ಪುಡಿ ಕಲಸಿ ಚೆಲ್ಲಿದಂತೆ.

ಬೇರೆಯವನ್ನೂ ಹಿಡಿದು ನೋಡಿದೆ. ತುಪ್ಪಳದ ಟೋಪಿಯ ಕುದುರೆಗಾರರು. ಕಾವಿ ಹೊದ್ದ ಸನ್ಯಾಸಿಗಳು, ನಮ್ಮವರಲ್ಲ. ಮರಳಿನ ನಡುವಿನ ಬಾವಿಯ ಹತ್ತಿರ ಕೆಂಪು ಮುಸುಕಿನ ಹುಡುಗಿ. ಯಾವ ದೇಶಗಳೋ. ಉಳಿದ ಚೀಲಗಳ ಮೇಲೆ ಇಂಗ್ಲಿಷ್ ಅಲ್ಲದ ಭಾಷೆಯಲ್ಲಿ ಏನೇನೋ ಬರೆದಿದೆ. ಊರ ಹೆಸರು ಇರಬೇಕು. ಒಂದಿಷ್ಟರ ಮೇಲೆ ಮಾತ್ರ “ಅಕ್ಕಲಕೋಟ” ಅಂತ ಓದಲು ಬರುತ್ತದೆ.

ಫೋಟೋ ಅಂದರೆ ಮಡಿಲಲ್ಲಿಟ್ಟು ನೋಡುವ ವಸ್ತು ಅಂತಲೇ ನಮಗೆ ಗೊತ್ತು. ನಿನ್ನೆ ಮೋರಿಗೆ ಹೋದದ್ದು ಎಷ್ಟು ದೇಶ?

ಅಣ್ಣ ಬಂದಾಗ ಬೋಗುಣಿಗೆ ಅಡ್ಡ ನಿಂತಿದ್ದೆ. “ಏನ್ರಿ ಬಿ.ಎ. ಬಾಯಿಯವರ, ಸಿನಿಮಾ ನೋಡಾಕತ್ತೀರೇನು? ತಿಕೀಟ ಎಲ್ಲಿ ಕೊಡ್ತಾರ?” ವೈನಿಯೇ ಹೇಳಿದಳು, “ಅವನ್ನ ತೊಳಿಯೂದಿಲ್ಲಂತ. ನೋಡ್ರಿ, ಎಷ್ಟ ಛಂದ ಅದಾವ.” ಅಣ್ಣ ಒಂದನ್ನು ಎತ್ತಿ ನೋಡಿ ಕೆಳಗಿಟ್ಟ. ಆಮೇಲೆ, “ದತ್ತ ಜಯಂತಿ ಮಾಲಿಗೆ ಕಾಚು ಎಲ್ಲಿಂದ ತರಲಿ? ಹಂಗಾರ ರವಿವಾರ ನನ್ನ ಜೋಡಿ ಅಕ್ಕಲಕೋಟಕ್ಕ ಬಾ. ಇನ್ನೊಂದು ಪೆಟಿಗಿ ಐತೇನು ಅಂತ ನೀನ ಕೇಳು” ಅಂದ.

ನಾನು ಕೇಳಬೇಕಂತೆ. ಕಾಲೇಜಿನಲ್ಲಿ ಹಾಜರಿ ಕರೆದಾಗ ನನ್ನ ದನಿ ಮೂರನೆಯ ಬೆಂಚಿಗೂ ಕೇಳುತ್ತಿರಲಿಲ್ಲ.

೧೬ ನವೆಂಬರ್, ರವಿವಾರ

ವಿಶ್ವನಾಥರಾಯರ ಚಪ್ಪಲಿಗೆ ಹೊಸ ಉಂಗುಷ್ಟ. ಧೋತರದ ಅಂಚಿಗೆ ಶಾಯಿಯ ಕಲೆ. ತಾಲೂಕು ಕಚೇರಿಯಲ್ಲಿ ಗುಮಾಸ್ತರು. ಇನ್ನೊಂದು ಪೆಟ್ಟಿಗೆ ಇಲ್ಲವಂತೆ. “ಕಾಕೂನ್ನ ಕೇಳ್ರಿ, ಆಕೀ ಕಾಲದ್ದು ಅದು” ಅಂತ ಒಳಗೆ ಕಳಿಸಿದರು. ಅಣ್ಣ ಗುಡಿಯ ಕಡೆ ಮಾಲು ಮುಟ್ಟಿಸಲು ಹೋದ.

ಕಾಕು ಅಂದರೆ ಯಮುನಾಬಾಯಿಯವರು. ರಾಯರ ತಂದೆಯ ಅಣ್ಣನ ಹೆಂಡತಿ. ಕೆಂಪು ಮಡಿಸೀರೆ, ಬೋಳಿಸಿದ ತಲೆಯ ಮೇಲೆ ಸೆರಗು. ಬತ್ತಿ ಹೊಸೆಯುತ್ತಿದ್ದರು. ನಾನು ನೋಡುತ್ತಿದ್ದುದು ಆ ಬೆರಳುಗಳನ್ನು.

“ಯಾರವಾ? ಕಟ್ಟಿನ ಅಂಗಡಿ ಸಾತಲಿಂಗಪ್ಪನ ಮಗಳೇನ? ಲೀಲಾ? ಬಾ, ಕೂಡು. ಮುಟ್ಟಬ್ಯಾಡ ಮತ್ತ, ಮಡೀಲೆ ಇದ್ದೀನಿ. ನನಗ ನಿನ್ನ ಮಾರಿ ಕಾಣಸೂದಿಲ್ಲ. ಎರಡೂ ಕಣ್ಣಾಗ ಮೋತಿಬಿಂದು, ಪೊರಿ ಬಂದಾವ. ಮನಷ್ಯಾರು ಅಂದ್ರ ಮಂಜಿನ್ಹಂಗ.”

ಗಾಜಿನ ಸುದ್ದಿ ಎತ್ತಿದೆ. ಬತ್ತಿ ನಿಂತಿತು.

ಮೊದಲ ದೊಡ್ಡ ಲಡಾಯಿಗೆ ಮುಂಚೆ ಒಬ್ಬ ಸಾಹೇಬ ಸಂಸ್ಥಾನಕ್ಕೆ ಬಂದಿದ್ದನಂತೆ. ಲೋಕದಲ್ಲಿ ಯಾವ ಯಾವ ಜನ ಹೇಗೆ ಹೇಗೆ ಇರುತ್ತಾರೆ ಅಂತ ಬಣ್ಣದಲ್ಲೇ ಚಿತ್ರ ತೆಗೆದಿಡುವುದು ಅವನ ಉದ್ಯೋಗ. ಇವರ ಮಾವ ಕಚೇರಿಯಲ್ಲಿ ಕಾರಕೂನರು, ಸಾಹೇಬನ ಬಿಡಾರದ ಉಸ್ತುವಾರಿ ಅವರದು. “ಮಾಂವನವರು ತಮ್ಮ ಮಗನ್ನೂ ನನ್ನೂ ಅಂಗಳಕ್ಕ ಕರದು ನಿಲ್ಲಿಸಿದ್ರು. ನನಗ ಆಗ ಹನ್ನೊಂದು, ಹಬ್ಬಕ್ಕಂತ ಅತ್ತೀಮನಿಗೆ ಕರಸಿದ್ರು. ಹಸರು ಸೀರಿ ಉಡಿಸಿದ್ರು. ಸಾಹೇಬ ಮೂರು ಕಾಲಿನ ಪೆಟಿಗಿ ಇಟಗೊಂಡು ಕರೀ ಅರಿವಿಯೊಳಗ ತಲಿ ಹಾಕಿದ. ಅಲುಗಬ್ಯಾಡ್ರಿ, ಉಸರ ಬಿಡಬ್ಯಾಡ್ರಿ ಅಂತ ಮಾಂವನವರು ಒದರಲಿಕ್ಕತ್ತಿದ್ರು. ನಾ ನೆಲ ನೋಡಕೋತ ಕಂಬದ್ಹಂಗ ನಿಂತೆ.”

ಗಂಡನ ಹೆಸರು ಅನಂತ ಅಂತ ಆಮೇಲೆ ರಾಯರಿಂದ ತಿಳಿಯಿತು. ಇವರು ಹೇಳುವುದು “ಅವರು” ಅಂತಲೇ. ಲಡಾಯಿ ಮುಗಿದ ವರ್ಷದ ಜ್ವರದಲ್ಲಿ ತೀರಿಕೊಂಡರು. ಇವರು ಅತ್ತೆಮನೆಗೆ ಬಾಳಲು ಬಂದು ವರ್ಷವೂ ಆಗಿರಲಿಲ್ಲ.

“ಅವರ ಕಾಲು ನನಗ ಬರೋಬರಿ ನೆನಪದ. ಎಡಗಾಲ ಹೆಬ್ಬಟ್ಟಿನ ಉಗುರು ಸೀಳಿತ್ತು. ಕೈನೂ ನೆನಪದ. ಬಡಸೂವಾಗ ಸಾಕು ಅಂತ ಎಲಿ ಮ್ಯಾಲೆ ಅಡ್ಡ ಹಿಡೀತಿದ್ರಲ್ಲ. ಮಾರಿ ಮಾತ್ರ ಕೇಳಬ್ಯಾಡ. ಹಿರೇರ ಮುಂದ ಗಂಡನ ಮಾರಿ ನೋಡೋದುಂಟೇನ? ರಾತ್ರಿ ಖೋಲಿಗೆ ಹೋಗೂದ್ರಾಗ ದೀಪ ಆರಿಸಿರ್ತಿದ್ರು. ಎಣ್ಣಿ ಉಳಸೋ ಮನಿತನ ನಮ್ದು.” ಹಲ್ಲಿಲ್ಲದ ಬಾಯಿಯಿಂದ ನಕ್ಕರು. “ಇವತ್ತ ಅವರು ಆ ಬಾಗಿಲಾಗ ಬಂದು ನಿಂತ್ರ, ಯಾರು ಬೇಕಾಗಿತ್ತ್ರಿ ಅಂತ ಕೇಳತೀನಿ.”

ಮಗ ಸತ್ತ ಮೇಲೆ ಮುಖ ನೋಡುವ ಆಸೆಯಿಂದ ಮಾವ ಸಾಹೇಬ ಬಿಟ್ಟುಹೋದ ಪೆಟ್ಟಿಗೆ ಬಿಚ್ಚಿದ್ದರಂತೆ. ಎಲ್ಲವೂ ಕಪ್ಪು. “ಇಕೀ ಕಾಲಗುಣಕ್ಕ ಚಿತ್ರ ಸೈತ ಸುಟ್ಟು ಹೋತು ಅಂದ್ರು ಅತ್ತ್ಯಾರು. ಅಟ್ಟಕ್ಕ ಹಾಕಿಸಿದ್ರು.”

“ಸುಟ್ಟಿಲ್ಲ್ರಿ. ಬಿಸಲಿಗೆ ಹಿಡಿದ್ರ ಕಾಣಸ್ತಾವ” ಅಂದೆ.

ಅವರು ಬತ್ತಿಯ ತಟ್ಟೆ ಪಕ್ಕಕ್ಕೆ ಸರಿಸಿದರು. “ಹಂಗಾರ ಅದರಾಗ ಅವರು ಇದ್ದಾರೇನ?”

ಅರ್ಧ ಪೆಟ್ಟಿಗೆ ಮೋರಿಗೆ ಹೋಗಿದೆ ಅಂತ ಹೇಳಲು ಆಗಲಿಲ್ಲ. “ಹುಡುಕತೀನ್ರಿ” ಅಂತ ಎದ್ದು ಬಂದೆ.

೧೭ ನವೆಂಬರ್

ಇದೆ. ತೊಳೆದುಹೋಗಿಲ್ಲ.

ಸುಣ್ಣದ ಗೋಡೆ, ನೀಲಿ ಬಾಗಿಲು, ಅದರ ಮುಂದೆ ಇಬ್ಬರು. ಅವಳ ಸೀರೆ ಎಳೆ ಹುರುಳಿಯ ಹಸಿರು. ಅವನ ಪಗಡಿ ಕೆಂಪು, ಅಂಗರಖಾ ಬಿಳಿ, ಕಾಲು ಎರಡೂ ನೆಲಕ್ಕೆ ಊರಿದಂತೆ ಸ್ಪಷ್ಟ. ಕೈಯ ಬೆಳ್ಳಿ ಉಂಗುರ ಕೂಡ ಕಾಣುತ್ತದೆ. ಮುಖ ಇಲ್ಲ. ಒದ್ದೆ ಬೆರಳಿನಿಂದ ಒರೆಸಿದ ಹಾಗೆ ಬರೀ ಗೋಧಿ ಬಣ್ಣದ ಗೆರೆ. ಸಾಹೇಬ ಎಣಿಸುವಷ್ಟು ಹೊತ್ತು ಆ ಹುಡುಗ ತಲೆ ನಿಲ್ಲಿಸಿಲ್ಲ.

ಚೀಲದ ಮೇಲೆ ಕೆಂಪು ಪೆನ್ಸಿಲಿನ ಕಾಟು. ಉಳಿದವನ್ನೂ ತೆಗೆದು ನೋಡಿದೆ. ಎಲ್ಲಕ್ಕೂ ಕಾಟು. ದೋಣಿಯ ಹೆಂಗಸಿನ ಕೈ ಮಸುಕು. ಕುದುರೆಗೆ ಎರಡು ತಲೆ. ಸನ್ಯಾಸಿಗಳಲ್ಲಿ ಒಬ್ಬನಿಗೆ ಮೋರೆ ಇಲ್ಲ. ನೆಟ್ಟಗೆ ನಿಂತವರನ್ನು ಸಾಹೇಬ ತನ್ನ ದೇಶಕ್ಕೆ ಒಯ್ದ. ಅಲುಗಿದವರನ್ನು, ಮೂಲೆ ಕಿತ್ತವರನ್ನು ಭಾರವೆಂದು ಇಲ್ಲಿ ಬಿಟ್ಟ. ಅವನು ತಿರುಗಿ ಬಂದು ಕೇಳುತ್ತಾನೆಂದು ಆ ಮನೆಯವರು ಅರವತ್ತು ವರ್ಷ ಕಸವನ್ನು ಕಾಪಾಡಿದರು.

೨೩ ನವೆಂಬರ್, ರವಿವಾರ

ಒಬ್ಬಳೇ ಎಸ್ಟಿ ಬಸ್ಸಿನಲ್ಲಿ ಹೋದೆ. ಮುಖ ಮೂಡಿಲ್ಲ ಅಂತ ಹೇಳಲಿಕ್ಕೇ ಹೋಗಿದ್ದೆ. ದಾರಿಯುದ್ದಕ್ಕೂ ಆ ವಾಕ್ಯವನ್ನು ಮನಸ್ಸಿನಲ್ಲಿ ಕಟ್ಟಿಕೊಂಡಿದ್ದೆ.

ಗಾಜನ್ನು ನೆಲದ ಮೇಲಿಟ್ಟೆ. ಅವರು ಎತ್ತಿಕೊಂಡು ಕಿಟಕಿಗೆ ಹಿಡಿದರು. ಕಣ್ಣಿಗೆ ತಾಗುವಷ್ಟು ಹತ್ತಿರ ತಂದರು. “ಹಸರು! ಹಸರು ಕಾಣಸ್ತದ. ಅದು ನಂದು. ಅದರ ಬಾಜೂಕ ಬೆಳ್ಳಗ ಐತಲ್ಲ, ಅದು ಅವರೇನ?” ಅಂದರು. ಹೂಂ ಅಂದೆ. “ಹ್ಯಾಂಗಿದ್ದಾರ?”

ಅವರ ಕತ್ತು ನನ್ನ ಕಡೆ ಚಾಚಿತ್ತು. “ಛಂದ ಅದಾರ್ರಿ” ಅಂದುಬಿಟ್ಟೆ.

“ಮೂಗು?”

“ನೆಟ್ಟಗ ಐತಿ.”

“ಹುಬ್ಬು?”

“ಕೂಡು ಹುಬ್ಬು. ನಗು ಬಂದಿದ್ದು ತಡಕೊಂಡಂಗ ನಿಂತಾರ. ಮೀಸಿ ಈಗ ಚಿಗರಾಕತ್ತಾವ.”

ಪರೀಕ್ಷೆಯಲ್ಲಿ ಕೂಡ ನನಗೆ ಇಷ್ಟು ಸರಾಗವಾಗಿ ಉತ್ತರ ಬಂದಿರಲಿಲ್ಲ. ಒಂದು ಮುಖ ನನ್ನ ಬಾಯಿಂದ ತಾನಾಗಿ ಇಳಿಯಿತು. ಅವರು ಕಣ್ಣು ಮುಚ್ಚಿ ಕೇಳುತ್ತಿದ್ದರು. ಗಾಜನ್ನು ನನ್ನ ಹತ್ತಿರವೇ ಇಡಲು ಹೇಳಿದರು. ಈ ಮನೆಯಲ್ಲಿ ಮತ್ತೆ ಯಾರಾದರೂ ಅಟ್ಟಕ್ಕೆ ಹಾಕಿಯಾರು ಅಂತ ಹೆದರಿಕೆ.

೪ ಡಿಸೆಂಬರ್

ದತ್ತ ಜಯಂತಿಯ ಗಡಿಬಿಡಿ. ಬ್ಲೇಡು ತಾಗಿ ಬೆರಳು ಕೊಯ್ದಿದೆ, ಬರೆಯಲು ಕಷ್ಟ. ನಾನು ಅರ್ಜಿ ಹಾಕಿದ್ದ ಕನ್ನಡ ಸಾಲೆಯ ಕೆಲಸ ಇಲ್ಲವಂತೆ. ಮುಂದಿನ ವರ್ಷ ಐದನೇ ಇಯತ್ತೆಯ ಕನ್ನಡ ವರ್ಗವನ್ನೇ ಮುಚ್ಚುತ್ತಾರೆ. ಕಂದಲಗಾಂವದ ವರನ ಮನೆಯವರು ನನ್ನ ಫೋಟೋ ತಿರುಗಿ ಕಳಿಸಿದ್ದಾರೆ. ಸ್ಟುಡಿಯೋದವನು ಬಣ್ಣ ಹಚ್ಚಿ ತಿದ್ದಿದ ಫೋಟೋ ಅದು. ನನಗೇ ನನ್ನ ಗುರುತು ಹತ್ತುವುದಿಲ್ಲ. ತಿರುಗಿ ಬಂದದ್ದು ಯಾರೋ ಅನಿಸಿತು.

೨೦ ಡಿಸೆಂಬರ್, ಶನಿವಾರ

ವಿಶ್ವನಾಥರಾಯರು ಅಂಗಡಿಗೆ ಬಂದಿದ್ದರು. ಖುಷಿಯಲ್ಲಿದ್ದರು. ಜನವರಿಯಲ್ಲಿ ಅಕ್ಕಲಕೋಟದ ಸಾಲೆಯಲ್ಲಿ ಕಣ್ಣಿನ ಶಿಬಿರ ಇದೆ, ಕಾಕು ತಾವಾಗಿ ಹೆಸರು ಹಚ್ಚಿಸಿದ್ದಾರೆ.

“ಎಷ್ಟ ವರ್ಷದಿಂದ ಬೆನ್ನ ಹತ್ತಿದ್ದೆ ನಾನು. ನೋಡೋದು ಏನ ಉಳದದ ಅಂತಿದ್ಲು. ಈಗ ನೋಡಿದ್ರ, ಆಪರೇಶನ್ ಯಾವಾಗ, ಆಪರೇಶನ್ ಯಾವಾಗ ಅಂತ ಜೀವಾ ತಿಂತಾಳ. ನಿಮ್ಮಿಂದ ಭಾಳ ಉಪಕಾರ ಆತು ನೋಡ್ರಿ. ಎಲ್ಲೆ, ನಮ್ಮ ದೊಡ್ಡಪ್ಪನ್ನ ನಾನೂ ನೋಡತೀನಿ.”

ತಂದು ಕೊಟ್ಟೆ. ಅವರು ಅಂಗಡಿಯ ಬಾಗಿಲಿಗೆ ಹೋಗಿ ಹಿಡಿದು ನೋಡಿದರು. ತಿರುಗಿದಾಗ ಅವರ ಮುಖ ಬೇರೆಯಾಗಿತ್ತು. ಉದ್ದನೆಯ, ದಣಿದ ಮುಖ. ಕೆಳದುಟಿ ಒಳಗೆ ಸರಿದಿತ್ತು. “ಇದರಾಗ ಮಾರಿ ಎಲ್ಲದ?” ಅಂದರು. “ಆಕೀ ಓಣಿ ತುಂಬಾ ಹೇಳಕೋತ ಹೊಂಟಾಳಲ್ಲ, ಕೂಡು ಹುಬ್ಬು ಅಂತ?”

ನಾನು ಹೇಳಿದೆ. ಎಲ್ಲ ಹೇಳಿದೆ. ಅಣ್ಣ ಮೊಳೆ ಬಡಿಯುವುದನ್ನು ನಿಲ್ಲಿಸಿ ಕೇಳಿಸಿಕೊಂಡ. ಆಮೇಲೆ ಒಳಗಿನಿಂದ ಪೆಟ್ಟಿಗೆ ತಂದು ಒಂದು ಗಾಜು ಆರಿಸಿದ. ಕೆಂಪು ಪಗಡಿಯ ಒಬ್ಬ ಹುಡುಗ, ಒಬ್ಬನೇ, ಮುಖ ನಿಚ್ಚಳವಾಗಿದೆ. ಮೇಲಿನ ಮೂಲೆಯ ಪೊರೆ ಕಿತ್ತಿದ್ದಕ್ಕೆ ಸಾಹೇಬ ಕಾಟು ಹಾಕಿದ್ದಾನೆ. ಚೀಲದ ಮೇಲಿನ ಊರು ಯಾವುದೋ ತಿಳಿಯುವುದಿಲ್ಲ.

“ಇವನಿಗೇನಾಗೈತಿ? ಅದು ಜೋಡಿದು, ಇದು ಒಬ್ಬಂದು ಅನ್ನು. ಮುಗೀತು.”

“ಇವನ ಹುಬ್ಬು ಕೂಡಿಲ್ಲ” ಅಂದೆ.

“ಕೂಡಸ್ತೀನಿ. ಬ್ರಶ್ ಯಾಕ ಇಟ್ಟೀನಿ? ಸತ್ತವರ ಮುಚ್ಚಿದ ಕಣ್ಣು ತೆರದು ಕೊಟ್ಟೀನಿ ನಾನು ಫೋಟೋದಾಗ.”

ರಾಯರು ಜೋಡಿಯ ಗಾಜನ್ನು ನನ್ನ ಕೈಗೆ ತಿರುಗಿ ಕೊಟ್ಟರು. “ಆಕೀಗೆ ಹ್ಯಾಂಗೂ ಮಾರಿ ಗೊತ್ತಿಲ್ಲ” ಅಂದರು. “ಎಪ್ಪತ್ತೆರಡು ವರ್ಷದಾಕಿ. ಎಷ್ಟ ದಿನ ನೋಡಾಕಿ?” ನನ್ನ ಕಡೆ ಕೈ ಮುಗಿದಂತೆ ಮಾಡಿ ಹೋದರು. ನಾನು ಬೇಡ ಅನ್ನಲಿಲ್ಲ.

೪ ಜನವರಿ ೧೯೭೬

ದೋಣಿಯ ಹೆಂಗಸನ್ನು ನವೆಂಬರಿನಿಂದ ನನ್ನ ಕಿಟಕಿಯಲ್ಲಿ ಒರಗಿಸಿಟ್ಟಿದ್ದೆ. ದಿನಾ ಬೆಳಿಗ್ಗೆ ಅವಳ ಮೂಲಕ ಬಿಸಿಲು ಬರುತ್ತಿತ್ತು. ಇವತ್ತು ಪೆಟ್ಟಿಗೆಯಲ್ಲಿದ್ದವುಗಳ ಜೊತೆ ಹಿಡಿದು ನೋಡಿದೆ. ಹಣ್ಣು ಹಣ್ಣಿನ ಬಣ್ಣದಲ್ಲಿಲ್ಲ. ಕಿತ್ತಳೆ ಹೋಗಿ ಹಳದಿ ಮಣ್ಣಾಗಿದೆ. ನದಿ ಬರೀ ಬೂದಿ. ಕತ್ತಲಲ್ಲಿ ಅರವತ್ತು ವರ್ಷ ಇದ್ದ ಬಣ್ಣವನ್ನು ನಾನು ಚಳಿಗಾಲ ಮುಗಿಯುವುದರೊಳಗೆ ನೋಡಿ ನೋಡಿ ತೀರಿಸಿದೆ.

ನೋಡದಿದ್ದರೆ ಇದ್ದೂ ಇಲ್ಲ. ನೋಡಿದರೆ ಅಳಿಯುತ್ತದೆ. ಇದರಲ್ಲಿ ಮಾಡುವುದೇನೂ ಇಲ್ಲ. ಅವಳನ್ನು ಕರಿ ಕಾಗದದಲ್ಲಿ ಸುತ್ತಿ ಒಳಗಿಟ್ಟೆ. ಬಹಳ ತಡವಾಯಿತು.

ಅಣ್ಣ ಹುಡುಗನ ಹುಬ್ಬು ಕೂಡಿಸಿದ್ದಾನೆ. ಎಷ್ಟು ಚೆನ್ನಾಗಿ ಕೂಡಿಸಿದ್ದಾನೆಂದರೆ ಹುಟ್ಟಾ ಹಾಗೇ ಇದ್ದವನಂತೆ ಕಾಣುತ್ತಾನೆ. ಇವನಿಗೂ ಎಲ್ಲೋ ಹೆಂಡತಿ ಇದ್ದಿರಬೇಕು. ಅವಳಿಗೆ ಇವನ ಮುಖ ನೆನಪಿತ್ತೋ ಇಲ್ಲವೋ.

೧೧ ಜನವರಿ, ರವಿವಾರ

ಆಪರೇಶನ್ ನಿನ್ನೆ ಆಗಿದೆ, ಒಂದು ಕಣ್ಣಿಗೆ. ಇನ್ನೊಂದು ಕೆಟ್ಟೇ ಹೋಗಿದೆಯಂತೆ. ಇದೂ ಎಷ್ಟು ಕಂಡೀತು ಅಂತ ಡಾಕ್ಟರರು ಮಾತು ಕೊಡಲಿಲ್ಲ.

ಸಾಲೆಯ ಖೋಲಿಯಲ್ಲಿ ಸಾಲಾಗಿ ಚಾಪೆ, ಸಾಲಾಗಿ ಬಿಳಿ ಪಟ್ಟಿ ಕಟ್ಟಿದ ತಲೆಗಳು. ಕೆಮ್ಮಬಾರದು, ಹೊರಳಬಾರದು. ನಾನು ದೂರ ನಿಂತದ್ದು ಹೇಗೋ ಗೊತ್ತಾಗಿ, “ಯಾಕ ಅಲ್ಲೇ ನಿಂತಿ? ಹತ್ತರ ಬಾ. ದವಾಖಾನ್ಯಾಗ ಎಂಥಾ ಮಡಿ? ಯಾರ್ಯಾರೋ ನನ್ನ ಕಣ್ಣಾಗ ಕೈ ಹಾಕ್ಯಾರ” ಅಂದರು ಕಾಕು.

ಪಕ್ಕದ ಚಾಪೆಯಲ್ಲಿ ನಂದೇಶ್ವರದ ಕಲ್ಯಾಣಮ್ಮ ಅಂತ ಇನ್ನೊಬ್ಬ ಮುದುಕಿ. ಅವಳಿಗೂ ಪಟ್ಟಿ. “ಬಂದ್ಯೇನವಾ, ನೀನ ಏನು ಆ ಹುಡುಗಿ? ಈ ಆಯಿ ರಾತ್ರಿ ಹಗಲಿ ಗಂಡನ ವರ್ಣನಾ ಮಾಡಿ ನಮಗ ಮಲಗಾಕ ಬಿಟ್ಟಿಲ್ಲ. ನನ್ನ ಗಂಡನ್ನ ನಾ ನಲವತ್ತು ವರ್ಷ ನೋಡೀನಿ, ನೋಡುವಂಥಾದ್ದು ಏನೂ ಇರಲಿಲ್ಲ ತಗೀ.”

ಖೋಲಿಯೆಲ್ಲ ನಕ್ಕಿತು. “ನಗಿಸಬ್ಯಾಡ್ರಿ, ಕಣ್ಣಿನ ಹೊಲಿಗಿ ಬಿಚ್ಚತಾವ” ಅಂತ ಕಾಕು ಬೈದರು. ಆಮೇಲೆ ಕಲ್ಯಾಣಮ್ಮ ನನಗೆ ಹೇಳಿದಳು: ನೆಟ್ಟಗಿನ ಮೂಗಂತ, ಕೂಡು ಹುಬ್ಬಂತ, ನಗು ತಡೆದುಕೊಂಡು ನಿಂತಾನಂತ, ಎಡಗಲ್ಲದ ಮೇಲೆ ಒಂದು ಮಚ್ಚೆಯಂತ. ನನ್ನದೇ ಮಾತುಗಳು, ಎಂದೂ ನೋಡದವಳ ಬಾಯಲ್ಲಿ. ಮಚ್ಚೆ ಮಾತ್ರ ನಾನು ಹೇಳಿದ್ದಲ್ಲ.

ಕಾಕುವಿನ ಮುಖ ನೋಡುತ್ತ ಕೂತಿದ್ದೆ. ಪಟ್ಟಿಯ ಕೆಳಗೆ ಸಣ್ಣ ಮೂಗು, ಗಲ್ಲದ ಮೇಲೆ ಅಡ್ಡ ಗೆರೆ. ಗಾಜಿನಲ್ಲಿ ನೆಲ ನೋಡುತ್ತಿರುವ ಹುಡುಗಿಯದೇ ಮೂಗು ಅದು.

೧೭ ಜನವರಿ, ಶನಿವಾರ

ಬರುವ ಮಂಗಳವಾರ ಪಟ್ಟಿ ಬಿಚ್ಚುತ್ತಾರೆ. ಶಿಬಿರದವರೇ ದಪ್ಪ ಚಷ್ಮಾ ಕೊಡುತ್ತಾರೆ. ಗಾಜು ತೆಗೆದುಕೊಂಡು ಬಾ ಅಂತ ಕಾಕು ರಾಯರ ಕೈಯಲ್ಲಿ ಹೇಳಿಕಳಿಸಿದ್ದಾರೆ. ನಾನು ಯಾವುದನ್ನು ಒಯ್ಯುತ್ತೇನೆ ಅಂತ ರಾಯರು ಕೇಳಲಿಲ್ಲ. ಅವರಿಗೆ ಅದು ಮುಗಿದ ಮಾತು.

ಭೂತಗಾಜು ಹಿಡಿದು ಜೋಡಿಯ ಗಾಜನ್ನು ಮತ್ತೊಮ್ಮೆ ನೋಡಿದೆ. ಬೇಗ ಬೇಗ, ಬಿಸಿಲಿಗೆ ಬಹಳ ಹೊತ್ತು ಕೊಡದೆ. ಆ ಗೋಧಿ ಬಣ್ಣದ ಗೆರೆ ಒಂದೇ ಸಮ ಇಲ್ಲ. ಒಂದು ಕಡೆ ತೆಳು. ಅವಳಿರುವ ಕಡೆಗೆ ಬಂದಂತೆ ದಟ್ಟ. ಕೊನೆಯಲ್ಲಿ, ಇವೆಯೋ ಇಲ್ಲವೋ ಅನ್ನುವಂತೆ, ಎರಡು ಕಪ್ಪು ಚುಕ್ಕೆ. ಅವನು ಅವಳ ಕಡೆ ಹೊರಳಿ ಅಲ್ಲೇ ಸ್ವಲ್ಪ ಹೊತ್ತು ನಿಂತಿದ್ದನೇ? ಅಥವಾ ಪೊರೆಯ ದೋಷವೇ? ನನ್ನ ಕಣ್ಣನ್ನು ನಾನು ನಂಬುವ ಹಾಗಿಲ್ಲ. ಇಲ್ಲದ್ದನ್ನು ಒಮ್ಮೆ ಕಂಡವಳು ನಾನು.

ಅವ್ವ ಅಪ್ಪನ ಫೋಟೋ ಒರೆಸುತ್ತಿದ್ದಳು. ಅಪ್ಪ ಹೋದ ಮೇಲೆ ಅಣ್ಣ ದೊಡ್ಡದು ಮಾಡಿಸಿ ಬಣ್ಣ ಹಚ್ಚಿದ್ದು. ನಾನು ಏನೂ ಕೇಳಿರಲಿಲ್ಲ. ತಾನಾಗಿ ಅಂದಳು:

“ನಿಮ್ಮಪ್ಪನ ಮೀಸಿ ಇಷ್ಟ ದಪ್ಪ ಇರಲಿಲ್ಲ. ನಿಮ್ಮಣ್ಣ ಪ್ರೀತೀಲೆ ದಪ್ಪ ಮಾಡಿದ. ಮೊದಮೊದಲು ನನಗ ಸಿಟ್ಟ ಬರ್ತಿತ್ತು. ಈಗ ಕಣ್ಣ ಮುಚ್ಚಿದ್ರ ಈ ಮೀಸೀನ ಬರತೈತಿ. ಅವರದು ಹೆಂಗಿತ್ತಂತ ನೆನಪ ಮಾಡಕೋತೀನಿ, ಬರೂದಿಲ್ಲ. ಹೋತು ಅದು.”

ಸಿಟ್ಟಿನಿಂದ ಹೇಳಲಿಲ್ಲ. ಉಪ್ಪು ಮುಗಿದಿದೆ ಅಂತ ಹೇಳಿದ ಹಾಗೆ ಹೇಳಿ ಒಳಗೆ ಹೋದಳು.

೧೯ ಜನವರಿ, ಸೋಮವಾರ

ಊಟವಾದ ಮೇಲೆ ಅಣ್ಣ ಕೂಡುಹುಬ್ಬಿನ ಹುಡುಗನಿಗೆ ಕಟ್ಟು ಹಾಕಿ ತಂದುಕೊಟ್ಟ. ಹಿಂದೆ ರಟ್ಟು ಹಾಕದೆ ಬೆಳಕು ಹಾಯುವ ಹಾಗೆ ಮಾಡಿದ್ದಾನೆ. ಸಾಗವಾನಿಯ ಪಟ್ಟಿ. ಇಂಥ ಕೆಲಸವನ್ನು ಅವನು ಗಿರಾಕಿಗೆ ಮಾಡುವುದಿಲ್ಲ. “ಒಯ್ಯಿ. ಮುದುಕಿ ಖುಷಿಯಾಗಿ ಸಾಯಲಿ” ಅಂದ.

“ಒಯ್ಯೂದಿಲ್ಲಣ್ಣ” ಅಂದೆ.

“ಯಾಕ? ಹುಬ್ಬು ಬರೋಬರಿ ಬಂದಿಲ್ಲೇನು?”

“ಬಂದಾವ. ಅದಕ್ಕ.”

ನನ್ನ ಮುಖ ನೋಡಿದ. ನಾನೂ ಅವನನ್ನೇ ನೋಡುತ್ತಿದ್ದೆ. “ಆಕೀ ಕಣ್ಣು ಕೊಯ್ಸಿಕೊಂಡದ್ದು ನಿನ್ನ ಮಾತಿಗೆ” ಅಂದ. “ಈಗ ಹೋಗಿ ಸುಳ್ಳ ಹೇಳಿದ್ದೆ ಅಂತೀಯೇನು? ಎದಿ ಒಡಕೋತಾಳ.”

“ಒಡಕೋಬಹುದು.”

“ಕಲಿತು ಹುಚ್ಚಿ ಆಗೀದಿ ನೀನು” ಅಂದ. ಆದರೂ ಕಟ್ಟನ್ನು ತಿರುಗಿ ಒಯ್ಯಲಿಲ್ಲ, ಮೇಜಿನ ಮೇಲೇ ಬಿಟ್ಟು ಹೋದ. ನಾನು ಅದನ್ನು ಪೆಟ್ಟಿಗೆಯಲ್ಲಿ ಉಳಿದವರ ಜೊತೆ ಇಟ್ಟು ಮುಚ್ಚಿದೆ.

ಇದರಿಂದ ಯಾರಿಗೂ ಒಳ್ಳೆಯದಾಗುವುದಿಲ್ಲ. ಕಾಕು ಮತ್ತೆ ನನ್ನ ಜೊತೆ ಮಾತಾಡದೆ ಇರಬಹುದು. ಚಷ್ಮಾ ಹಾಕಿದರೂ ಆ ಕಣ್ಣಿಗೆ ಕಾಣದೆ ಹೋಗಬಹುದು. ಕಂಡರೂ ಕಾಣುವುದು ಒಂದು ಗೆರೆ, ಅದೂ ಬಿಸಿಲಿಗೆ ಹಿಡಿದಷ್ಟು ದಿನ. ಆದರೆ ಅವರ ಕಾಲು, ಅವರ ಕೈ ಅಂತ ಅಷ್ಟು ವರ್ಷ ಉಳಿಸಿಕೊಂಡವರ ಹತ್ತಿರ ಬೇರೆಯವನ ಮುಖ ತಂದಿಟ್ಟರೆ ಆ ಕಾಲು ಕೈಗಳೂ ಬೇರೆಯವನವಾಗುತ್ತವೆ.

ನಾಳೆ ಮೊದಲ ಎಸ್ಟಿಗೆ ಹೋಗುತ್ತೇನೆ. ಜೋಡಿಯ ಗಾಜನ್ನು ಕರಿ ಕಾಗದದಲ್ಲಿ ಸುತ್ತಿಟ್ಟಿದ್ದೇನೆ. ಭೂತಗಾಜೂ ಇದೆ. ಪಟ್ಟಿ ಬಿಚ್ಚುವುದಕ್ಕೆ ಮುಂಚೆಯೇ ಹೇಳುತ್ತೇನೆ: ಮುಖ ಮೂಡಿಲ್ಲ, ನಾನು ಹೇಳಿದ್ದೆಲ್ಲ ಕಟ್ಟಿದ್ದು. ಬೈದರೆ ಬೈಸಿಕೊಳ್ಳುತ್ತೇನೆ. ಎದ್ದು ಹೋಗು ಅಂದರೆ ಸಾಲೆಯ ಕಟ್ಟೆಯ ಮೇಲೆ ಕೂತಿರುತ್ತೇನೆ. ಗಾಜು ಕೇಳಿದರೆ ಕೊಡುತ್ತೇನೆ. ಎರಡು ಚುಕ್ಕೆಯ ವಿಷಯ ನಾನಾಗಿ ಎತ್ತುವುದಿಲ್ಲ. ಅಲ್ಲಿ ಏನಿದೆ, ಏನಿಲ್ಲ ಅನ್ನುವುದನ್ನು ಈ ಸಲ ಅವರೇ ನೋಡಿ ಹೇಳಲಿ.